ಹಸಿರಾಗಿಯೇ ಉಳಿದ ಹೊಂಡ

ಅಬಾಯಾಂಗ್ ದ್ವೀಪ
ಮಾರ್ಚ್ ೧೭, ೨೦೧೯

ಪ್ರೀತಿಯ ತಾಬೆರಾ,

ಮೌರಿ, ಕ್ಷೇಮವಾಗಿರು. ಸುವಾದಲ್ಲಿ ನೀನು, ನಿನ್ನ ಗಂಡ, ಮಕ್ಕಳು ಎಲ್ಲ ಚೆನ್ನಾಗಿದ್ದೀರೆಂದು ನಂಬುತ್ತೇನೆ. ಬರೆಯುವುದು ಇಷ್ಟು ತಡವಾಯಿತೆಂದು ಕೋಪಿಸಿಕೊಳ್ಳಬೇಡ. ಹಡಗು ಬರಲಿಲ್ಲ ಅನ್ನುವುದು ಅರ್ಧ ನಿಜ. ಬರೆಯಲು ಕೂತಾಗಲೆಲ್ಲ ಬಾಗಿಲಲ್ಲಿ ಯಾರಾದರೂ ಬಂದು ನಿಲ್ಲುತ್ತಿದ್ದರು, ನಾನು ಹಾಳೆ ಮಡಚಿ ಚಾಪೆಯಡಿ ತಳ್ಳುತ್ತಿದ್ದೆ. ಫೋನು ಮಾಡೋಣವೆಂದರೆ ಗೋಪುರದ ಬುಡದಲ್ಲಿ ನಿಂತು ಕೂಗಬೇಕು, ಊರೆಲ್ಲ ಕೇಳಿಸಿಕೊಳ್ಳುತ್ತದೆ. ಈ ಪತ್ರವನ್ನು ಅಂಚೆಗೂ ಹಾಕುತ್ತಿಲ್ಲ. ಚಿಕ್ಕಮ್ಮನ ಮಗಳು ಫಿಜಿಗೆ ಹೊರಟಿದ್ದಾಳೆ, ಅವಳ ಕೈಯಲ್ಲಿ ಅಂಟು ಹಾಕಿ ಕೊಡುತ್ತೇನೆ. ಅಂಟು ಕಿತ್ತಿದೆಯೋ ನೋಡಿಕೋ.

ನಿನಗೆ ಮೊದಲು ನಮ್ಮ ಕೆಸುವಿನ ಹೊಂಡದ ಸುದ್ದಿ ಹೇಳಬೇಕು. ನನ್ನ ಗಂಡ ಬಾವುರೊನ ಅಜ್ಜ ತೋಡಿದ ಹೊಂಡ ಅದು, ನೀನು ಹುಡುಗಿಯಾಗಿದ್ದಾಗ ಜಾರಿ ಬಿದ್ದು ಕೆಸರಾಗಿ ಎದ್ದು ಬಂದಿದ್ದೆಯಲ್ಲ, ಅದೇ. ಕಳೆದ ವರ್ಷದ ಕೊನೆಯಲ್ಲಿ ಎಲೆಗಳ ಅಂಚು ಸುಟ್ಟಂತಾಯಿತು. ಆಮೇಲೆ ದಂಟೇ ಬಾಗಿತು. ಒಂದು ಗಡ್ಡೆ ಕಿತ್ತು ನೋಡಿದರೆ ಒಳಗೆಲ್ಲ ಕಂದು ಲೋಳೆ. ಹೊಂಡದ ನೀರು ನಾಲಿಗೆಗೆ ಹಚ್ಚಿದರೆ ಉಪ್ಪು. ಪಕ್ಕದಲ್ಲೇ ಇರುವ ನಿನ್ನ ಅಣ್ಣ ಟೆಕಾಯಿಯ ಹೊಂಡ ಮಾತ್ರ ಹಸಿರು ಛತ್ರಿ ಬಿಚ್ಚಿದ ಹಾಗೆ ನಿಂತಿತ್ತು.

ಅಷ್ಟರಲ್ಲಿ ಯೋಜನೆಯವರ ದೋಣಿ ಬಂತು. ಊರಿಗೆ ಆ ದೊಡ್ಡ ಮಳೆನೀರಿನ ಟ್ಯಾಂಕು ಹಾಕಿಸಿ, ಅದರ ಮೇಲೆ ಏಳೆಂಟು ದೇಶಗಳ ಬಾವುಟ ಬರೆಸಿದವರು ಅವರೇ. ಈ ಸಲ ಅವರು ಸತ್ತ ಹೊಂಡಗಳ ಚಿತ್ರ ಮಾತ್ರ ತೆಗೆದರು. ಟೆಕಾಯಿಯ ಹೊಂಡದತ್ತ ತಿರುಗಿಯೂ ನೋಡಲಿಲ್ಲ. ಅವರು ಹೋದ ಮೇಲೆ, ಹೊಂಡ ಸತ್ತವರಿಗೆ ಎತ್ತರದ ಜಾಗದಲ್ಲಿ ಮೊದಲು ಹೊಸ ಮನೆ ಸಿಗುತ್ತದಂತೆ ಎಂಬ ಮಾತು ಎಲ್ಲಿಂದಲೋ ಹುಟ್ಟಿತು. ಅವರು ಹಾಗೆ ಹೇಳಿದ್ದನ್ನು ಕಿವಿಯಾರೆ ಕೇಳಿದವರು ಯಾರೂ ಇಲ್ಲ. ಆದರೂ ಊರು ಅದನ್ನೇ ಹಿಡಿದುಕೊಂಡಿತು. ಮಾರನೆಯ ದಿನದಿಂದ ಹೆಂಗಸರು ನನ್ನನ್ನು ಕಂಡರೆ ಮಾತು ನಿಲ್ಲಿಸತೊಡಗಿದರು. ಮನೆಯ ಆಸೆಗೆ ಬಾವುರೊನೇ ಸಮುದ್ರದ ನೀರು ತಂದು ಸುರಿದಿದ್ದಾನೆ ಎಂದು ಅವರ ಗುಮಾನಿ. ಮೀನು ಹಂಚುವಾಗ ಒಬ್ಬಳು ನಗುನಗುತ್ತಲೇ ಅಂದಳು: “ನಿಮಗ್ಯಾಕೆ ಉಪ್ಪುಮೀನು ಮಾರಾಯ್ತಿ, ಮನೇಲೇ ಬೇಕಾದಷ್ಟು ಉಪ್ಪು ಇದೆಯಲ್ಲ.”

ಬಾವುರೊನ ಸ್ವಭಾವ ನಿನಗೆ ಗೊತ್ತು. ತನ್ನ ಮೇಲಿನ ಕೆಸರು ತೊಳೆಯಲು ಅವನಿಗೆ ಇನ್ನೊಬ್ಬ ಬೇಕಾಯಿತು. ಪಕ್ಕದ ಹೊಂಡ ಹಸಿರಾಗಿದೆಯೆಂದರೆ ನಮ್ಮದಕ್ಕೆ ಉಪ್ಪು ಹಾಕಿದವನು ಅದರ ಒಡೆಯನೇ ಎಂದು ತೀರ್ಮಾನಿಸಿಬಿಟ್ಟ. ಒಂದು ಭಾನುವಾರ ಹಲ್ಲುನೋವೆಂದು ಚರ್ಚಿಗೆ ಬರಲಿಲ್ಲ, ಪಾಂಡನಸ್ ಪೊದೆಯ ಹಿಂದೆ ಅಡಗಿ ಕೂತ. ನಾವೆಲ್ಲ ಹಾಡುತ್ತಿರುವಾಗ ಟೆಕಾಯಿ ಎರಡೂ ಕೈಯಲ್ಲಿ ತುಂಬಿದ ಬಕೆಟ್ಟು ಹಿಡಿದು ಹೊಂಡಗಳತ್ತ ಹೋಗುವುದನ್ನು ಕಂಡನಂತೆ. ಇವನು ಎದ್ದು ಓಡುವಷ್ಟರಲ್ಲಿ ಬಕೆಟ್ಟುಗಳು ಖಾಲಿ.

ವಿಚಾರಣೆ ಊರ ಸಭೆಯ ಚಾವಡಿಯಾದ ಮನೆಯಾಬದಲ್ಲಿ ಆಯಿತು. ಹಿರಿಯ ಉರಿಯಾಮ್ ಮೆತ್ತಗೇ ಕೇಳಿದರು: “ಟೆಕಾಯಿ, ಬಕೆಟ್ಟಲ್ಲಿ ಏನಿತ್ತಪ್ಪಾ? ಒಂದು ಮಾತು ಹೇಳ್ಬಿಡು, ಎಲ್ರೂ ಮನೆಗೆ ಹೋಗೋಣ.”

ನಿನ್ನ ಅಣ್ಣ ಚಾಪೆಯನ್ನೇ ನೋಡುತ್ತಾ ಕೂತ. ಇಲ್ಲ ಎನ್ನಲಿಲ್ಲ, ಹೌದೆನ್ನಲೂ ಇಲ್ಲ. ಬಾವುರೊ ನನ್ನ ಕಡೆ ನೋಡಿ, “ನೋಡ್ದೆಯಾ?” ಅಂದ. ಹಿರಿಯರು ಹಂದಿಯೊಂದನ್ನು ದಂಡವಾಗಿ ಕೇಳಿದರು; ಟೆಕಾಯಿ ಕೊಟ್ಟ. ಅಂದಿನಿಂದ ಅವನ ಜೊತೆ ಯಾರೂ ದೋಣಿ ಹತ್ತುವುದಿಲ್ಲ. ನಾನೂ ಅವನ ಮುಖ ನೋಡುವುದನ್ನು ಬಿಟ್ಟಿದ್ದೆ.

ಇದೇ ಸಮಯಕ್ಕೆ ಟ್ಯಾಂಕು ಬರಿದಾಯಿತು. ಮಳೆಯಿಲ್ಲ ನಿಜ, ಆದರೂ ಇನ್ನಷ್ಟು ದಿನ ಬರಬೇಕಿತ್ತು ಎಂದರು ಉರಿಯಾಮ್. ಎಲ್ಲೋ ಸೋರಿರಬೇಕೆಂದು ಊರು ಸುಮ್ಮನಾಯಿತು. ಮತ್ತೆ ಹಳೆಯ ಬಾವಿಗಳಿಗೇ ಹಗ್ಗ ಇಳಿಸಿದೆವು.

ಮೊನ್ನೆಯ ದೊಡ್ಡ ಭರತದ ದಿನ, ಅಳಿದುಳಿದ ಗಡ್ಡೆ ಕೀಳಲೆಂದು ಮಧ್ಯಾಹ್ನ ಒಬ್ಬಳೇ ಹೊಂಡಕ್ಕೆ ಇಳಿದೆ. ಸಮುದ್ರ ದಿಬ್ಬದ ಆಚೆಗಿತ್ತು, ಒಂದು ಅಲೆಯೂ ದಾಟಿ ಬರಲಿಲ್ಲ. ಆದರೆ ನನ್ನ ಪಾದದ ಕೆಳಗಿನ ಮರಳಿನಿಂದ ನೀರು ಗುಳುಗುಳು ಏಳತೊಡಗಿತು. ಕಣಕಾಲು ಮುಳುಗಿತು, ಮೊಣಕಾಲಿಗೆ ಬಂತು. ರುಚಿ ನೋಡಿದೆ. ಶುದ್ಧ ಸಮುದ್ರ, ತಾಬೆರಾ. ಯಾರೂ ಸುರಿದಿರಲಿಲ್ಲ. ಅದು ನೆಲದೊಳಗಿಂದಲೇ ಬರುತ್ತಿತ್ತು.

ಮೇಲೆ ಹತ್ತಿದರೆ ದಡದಲ್ಲಿ ಟೆಕಾಯಿ ನಿಂತಿದ್ದ. ಎಷ್ಟು ಹೊತ್ತಿನಿಂದ ನಿಂತಿದ್ದನೋ. ನಾನು ಕೇಳುವ ಮೊದಲೇ ಹೇಳಿಬಿಟ್ಟ.

“ನನ್ನ ಹೊಂಡಕ್ಕೂ ಹಿಂಗೇ ಬರ್ತಿತ್ತು ಕಣಮ್ಮಾ. ನಾನು ಸಿಹಿನೀರು ಹುಯ್ದು ಹುಯ್ದು ಉಪ್ಪು ತೊಳೀತಿದ್ದೆ.”

“ಸಿಹಿನೀರು ಎಲ್ಲಿತ್ತೋ?”

“ಟ್ಯಾಂಕಿಂದು.”

ಟ್ಯಾಂಕಿಗೆ ಮಳೆನೀರು ತರುವ ಸೂರುದೋಣಿ ತೊಳೆಯುವ ಕೆಲಸ ಅವನದು, ಬೀಗದ ಕೈ ಅವನ ಹತ್ತಿರವೇ ಇತ್ತು. ಆ ಹೊಂಡದ ಕೆಸು ನಿಮ್ಮಮ್ಮ ನೆಟ್ಟದ್ದಂತೆ. ನೀನು ಊರಿಗೆ ಬಂದ ದಿನ ಔತಣಕ್ಕೆ ಮನೆಯಾಬಕ್ಕೆ ಹೊತ್ತು ತರಲೆಂದು ಬೆಳೆಸುತ್ತಿದ್ದನಂತೆ. ವಿಚಾರಣೆಯಲ್ಲಿ ಹೇಳಿದ್ದರೆ, ಊರಿನ ಕುಡಿಯುವ ನೀರು ಕದ್ದವನಾಗುತ್ತಿದ್ದ. ಅದಕ್ಕಿಂತ ಉಪ್ಪು ಸುರಿದವನಾಗುವುದೇ ಅವನಿಗೆ ಹಗುರವೆನಿಸಿತು.

ಈ ಮಾತು ನನಗೊಬ್ಬಳಿಗೇ ಗೊತ್ತು. ಆದರೆ ನಿನ್ನೆಯಿಂದ ಬಾವುರೊ ಟ್ಯಾಂಕಿನ ಸುತ್ತ ತಿರುಗುತ್ತಿದ್ದಾನೆ. ಬೆರಳಿನಿಂದ ತಟ್ಟುತ್ತಾನೆ, ತಳದ ಮರಳು ಕೆದಕುತ್ತಾನೆ. ಸೋರಿದ ಗುರುತು ಅವನಿಗೆ ಸಿಗುತ್ತಿಲ್ಲ. ಬೆಳಗ್ಗೆ ಗಂಜಿ ಕುಡಿಯುತ್ತಾ, ಬೀಗದ ಕೈ ಯಾರ ಹತ್ತಿರ ಇರುತ್ತದೆ ಎಂದು ಸುಮ್ಮನೆ ಕೇಳಿದ ಹಾಗೆ ಕೇಳಿದ. ನನಗೆ ಗೊತ್ತಿಲ್ಲವೆಂದೆ. ಅವನು ನನ್ನನ್ನು ಸ್ವಲ್ಪ ಹೆಚ್ಚು ಹೊತ್ತೇ ನೋಡಿದ.

ಅದಕ್ಕೇ ಕೇಳುತ್ತಿದ್ದೇನೆ. ಕೆಲಸವೆಂದೋ ಕಾಯಿಲೆಯೆಂದೋ ಏನಾದರೊಂದು ಹೇಳಿ, ಮುಂದಿನ ಹಡಗಿಗೇ ನಿನ್ನ ಅಣ್ಣನನ್ನು ಅಲ್ಲಿಗೆ ಕರೆಸಿಕೋ. ನಾನು ಹೇಳಿದೆನೆಂದು ಅವನಿಗೂ ತಿಳಿಯುವುದು ಬೇಡ.

ನಿನ್ನ ಮನೆಯ ಮೇಲೆ ದೇವರ ಕಣ್ಣಿರಲಿ. ಮಕ್ಕಳ ಮೈ ಗಟ್ಟಿಯಾಗಿರಲಿ, ನೆಮ್ಮದಿಯ ನಿದ್ದೆ ಬರಲಿ.

ನಿನ್ನ ಗೆಳತಿ,
ರೊರೇತಿ

ಮ.ಬ.: ಮೇಲೆ ಬರೆಯಲಾಗಲಿಲ್ಲ. ನನ್ನ ಕಿರಿಯವಳು ಕೈತಿರಾ ಹೋಗಿಬಿಟ್ಟಳು. ನೀನು ಅವಳನ್ನು ನೋಡಲೇ ಇಲ್ಲ. ಈಗಷ್ಟೇ ಮಾತು ಕಲಿತಿದ್ದಳು. ಟ್ಯಾಂಕು ಬರಿದಾದ ಮೇಲೆ ಬಾವಿನೀರು ಕುಡಿಸಿದೆವು, ಭೇದಿ ಹಿಡಿಯಿತು, ನಿಲ್ಲಲಿಲ್ಲ. ಪೆಟ್ಟಿಗೆಗೆ ಹಲಗೆ ಕೊಯ್ದು ಕೊಟ್ಟವನು ಟೆಕಾಯಿ. ಹೊಂಡದ ದಡಕ್ಕೆ ಅವನು ಬಂದದ್ದು ಅದರ ಮಾರನೆಯ ದಿನ. ಆ ಸಿಹಿನೀರು ಇದ್ದಿದ್ದರೆ ಅವಳು ಉಳಿಯುತ್ತಿದ್ದಳೇ ಎಂದು ದಾದಿಯನ್ನು ಕೇಳಿದೆ, ಹೇಳಲಾಗದು ಎಂದಳು. ಅವನನ್ನು ಬೇಗ ಕರೆಸಿಕೋ, ತಾಬೆರಾ. ಬಾವುರೊ ಅವನನ್ನು ಏನು ಮಾಡಿಬಿಡುತ್ತಾನೋ ಎಂದು ಹೆದರಿ ಬರೆಯುತ್ತಿದ್ದೇನೆ ಎಂದುಕೊಂಡಿದ್ದೆ. ಟೆಕಾಯಿಯ ಹೊಂಡ ಇನ್ನೂ ಹಸಿರಾಗಿದೆ, ನಾನು ದಿನಾ ಅದರ ಮುಂದೆಯೇ ಹಾದು ಹೋಗಬೇಕು. ಈಗ ನನ್ನ ಮೇಲೇ ನನಗೆ ಅನುಮಾನ.