ಮೂರು ಜೊತೆ ಸಾಕ್ಸ್

ಕೆನ್ಮೋರ್
ಜನವರಿ 21, 2016

ಮುದ್ದಿನ ಉಮೈಮಾಗೆ ಸ್ಮಿತಕ್ಕನ ಪ್ರೀತಿ.

ಕಾಲ್ಬೆರಳು ಹೇಗಿವೆ? ಫೋನ್ ಮಾಡೋಣ ಅಂತ ನಾಲ್ಕು ಸಲ ಕೈಗೆತ್ತಿಕೊಂಡೆ. ನಿನ್ನ ದನಿ ಕೇಳಿದ್ರೆ ಮತ್ತೆ ಸುಳ್ಳೇ ಹೇಳ್ತೀನಿ ಅಂತ ಗೊತ್ತು. ಅದಕ್ಕೇ ಈ ಕಾಗದ.

ಹಿಮದಲ್ಲಿ ಕ್ಯಾಂಪಿಂಗ್ ಮಾಡೋಣ ಅಂತ ಆಸೆಪಟ್ಟೋಳು ನೀನು. ಸ್ವಪ್ನಾ ಮನೆ ಊಟದಲ್ಲಿ, ಯಾರಿಗಾದ್ರೂ ಅನುಭವ ಇದೆಯಾ ಅಂತ ನೀನು ಕೇಳಿದಾಗ ನನ್ನ ಹಾಳು ಬಾಯಿ ಸುಮ್ನಿರಲಿಲ್ಲ. ಎರಡು ಸಲ ಹೋಗಿದೀನಿ ಅಂದುಬಿಟ್ಟೆ. ಒಂದು ಸಲವೂ ಹೋಗಿಲ್ಲ ಕಣೇ. ಗದಗದೋಳು ನಾನು, ಹಿಮ ಕಂಡಿದ್ದೇ ಈ ಅಮೆರಿಕಕ್ಕೆ ಬಂದ ಮೇಲೆ, ಅದೂ ಕಿಟಕಿಯಿಂದ. ಅಕ್ಕನಿಗೆ ಎಲ್ಲಾ ಗೊತ್ತು ಅಂತ ನೀವಿಬ್ರೂ ಸಾಮಾನಿನ ಪಟ್ಟಿ ನನಗೇ ವಹಿಸಿದ್ರಿ.

ಆ ಪಟ್ಟಿಯಲ್ಲಿ ಮೂರು ಜೊತೆ ಕಾಟನ್ ಸಾಕ್ಸ್ ಬರೆದೋಳು ನಾನು. ಚಳಿ ಬಂತಂದ್ರೆ ನಮ್ಮವ್ವ ಅಂಗಿ ಮೇಲೆ ಅಂಗಿ ತೊಡಿಸ್ತಿದ್ದಳು, ಕಾಲಿಗೂ ಹಾಗೇ ಅಂದ್ಕೊಂಡೆ. ಬೂಟು ಬಿಗಿಯಾದ್ರೆ ರಕ್ತ ಓಡಲ್ಲ, ಕಾಟನ್ ಬೆವರು ಹೀರಿ ತಣ್ಣಗೆ ಅಂಟಿಕೊಳ್ಳುತ್ತೆ, ಇದೆಲ್ಲ ನನಗೆಲ್ಲಿ ಗೊತ್ತು!

ಭಾನುವಾರ ಟೆಂಟ್ ಹಾಕೋದು ಕಲಿಯೋಕೆ ಹೋದ್ವಲ್ಲ, ಸ್ವಪ್ನಾಗೆ ಬರೋಕಾಗಲಿಲ್ಲ, ನಾವಿಬ್ರೇ. ಗೂಟ ಹೊಡೀತಿದ್ದ ನೀನು ಕಾಲ್ಬೆರಳೇ ಗೊತ್ತಾಗ್ತಿಲ್ಲ ಅಕ್ಕಾ ಅಂದೆ. ಬೂಟು ಬಿಚ್ಚಿದ್ರೆ ಬೆರಳೆಲ್ಲ ಸುಲಿದ ಬೆಳ್ಳುಳ್ಳಿ ಥರ ಬೆಳ್ಳಗಿದ್ವು.

ನಿನ್ನನ್ನ ನಿಮ್ಮನೆಗೆ ಕರ್ಕೊಂಡು ಬಂದೆ. ನಿಮ್ಮನೆಯವರು ಫಾರೂಕ್ ಭಾಯಿ ಬೆಚ್ಚಗಿನ ನೀರು ತಂದಿಡ್ತಾ, ಸಾಕ್ಸ್ ಹಾಕ್ಕೊಳ್ಳೋಕೂ ಬುದ್ಧಿ ಬೇಡ್ವಾ ಅಂತ ನಿನ್ನನ್ನೇ ಬೈದ್ರು. ನೀನು ತಲೆ ತಗ್ಗಿಸಿ, ಅಕ್ಕ ಸರಿಯಾಗೇ ಹೇಳಿರ್ತಾರೆ, ನಾನೇ ತಪ್ಪು ತಿಳ್ಕೊಂಡೆ ಅಂದೆ. ನಾನೇನು ಮಾಡಿದೆ? ಚಹಾ ಕುಡಿದೆ. ಶಾವಿಗೆ ಪಾಯಸ ಇನ್ನೊಂದು ಬಟ್ಟಲು ಹಾಕಿಸ್ಕೊಂಡೆ. ಥೂ ನನ್ನ ಜನ್ಮಕ್ಕೆ!

ಇದೆಲ್ಲ ನನ್ನಂಥೋಳಿಗಲ್ಲ, ಫೆಬ್ರವರಿ ಕ್ಯಾಂಪಿಗೆ ಬರಲ್ಲ ಅಂತ ನೀನು ಅಂದೆಯಂತೆ, ಸ್ವಪ್ನಾ ಹೇಳಿದ್ಲು. ಹಾಗೆ ಮಾಡ್ಬೇಡ. ಮನೇಲಿ ಕೂರಬೇಕಾದೋಳು ನಾನು. ರೆಡ್ಮಂಡ್‌ನಲ್ಲಿ ಇದನ್ನ ಕಲಿಸೋ ಕ್ಲಾಸ್ ಇದೆ, ನೀವಿಬ್ರೂ ಕಲಿತು ಹೋಗ್ಬನ್ನಿ. ಈ ಕಾಗದ ಫಾರೂಕ್ ಭಾಯಿಗೂ ತೋರಿಸು. ನಾಚಿಕೆ ಆಗುತ್ತೆ, ಆಗಲಿ.

ಅಕ್ಕ ಅನ್ನಿಸಿಕೊಳ್ಳೋಕೆ ಮುಖ ಇಲ್ಲದ
ಸ್ಮಿತಾ

ತಾ.ಕ.: ಅಂಟಿಸಿದ ಲಕೋಟೆ ಮತ್ತೆ ಬಿಚ್ಚಿದೀನಿ. ಸಾಕ್ಸ್ ವಿಷಯ ಗೊತ್ತಿರಲಿಲ್ಲ ಅಂತ ಬರೆದದ್ದೂ ಪೂರ್ತಿ ನಿಜ ಅಲ್ಲ. ಶನಿವಾರವೇ ಬೂಟಿನ ಅಂಗಡಿಯಾಕೆ ನನಗೆ ತಿಳಿಸಿ ಹೇಳಿದ್ದಳು. ನಿನಗೆ ಹೇಳಿದ್ರೆ ನನ್ನ ಸುಳ್ಳು ಹೊರಗೆ ಬೀಳ್ತಿತ್ತು. ಭಾನುವಾರ ನನ್ನ ಕಾಲಲ್ಲಿದ್ದದ್ದು ಒಂದೇ ಜೊತೆ, ಉಣ್ಣೇದು. ಕಾರಲ್ಲಿ ನೀನು ಕಷ್ಟಪಟ್ಟು ಮೂರನೇ ಜೊತೆ ಎಳ್ಕೊಳ್ತಿದ್ದಾಗ ನೋಡ್ತಾ ಕೂತಿದ್ದೆ.