ಕವಯಿತ್ರಿಯ ತಲೆ

೧೧ ಫೆಬ್ರವರಿ ೧೯೪೨, ಬುಧವಾರ. ಬೂರ್ಜ್, ಫ್ರಾನ್ಸ್.

ಜರ್ಮನರಿಗೆ ಕಂಚು ಬೇಕಂತೆ, ಚೌಕದ ಮೂರ್ತಿಗಳನ್ನು ಕರಗಿಸುತ್ತಾರಂತೆ. ಬಿಷಪ್ಪರ ಮೂರ್ತಿಯನ್ನು ಚರ್ಚಿನವರು ಉಳಿಸಿಕೊಂಡರು. ಮಂತ್ರಿಯದನ್ನು ಅವರ ಮೊಮ್ಮಗ ಉಳಿಸಿದ. ಕವಯಿತ್ರಿ ಸೆರಫೀನ್ ವೊಕಿಯೆಗೆ ಯಾರಿದ್ದಾರೆ, ಅವಳನ್ನು ಎರಕ ಹೊಯ್ದ ನನ್ನ ಹೊರತು?

ಇವತ್ತು ಅವಳ ಮೂರ್ತಿಗೆ ಹಗ್ಗ ಹಾಕಿ ಎಳೆದರು. ಬಿದ್ದ ರಭಸಕ್ಕೆ ಕುತ್ತಿಗೆಯ ಬೆಸುಗೆ ಬಿಟ್ಟು, ತಲೆ ಉರುಳುತ್ತ ನನ್ನ ಕಾಲ ಬಳಿ ಬಂತು. ಲಾರಿಯವರು ಮುಂಡಕ್ಕೆ ಸರಪಳಿ ಬಿಗಿಯುತ್ತಿದ್ದರು. ತಲೆಯನ್ನೆತ್ತಿ ನನ್ನ ಟರ್ನಿಪ್ ಗಡ್ಡೆಯ ಕೈಗಾಡಿಗೆ ಹಾಕಿ ಗೋಣಿ ಎಳೆದೆ.

"ಏನಮ್ಮಾ ಅದ್ರಲ್ಲಿ?" ನಮ್ಮೂರ ಪೊಲೀಸಿನವನು ಅಡ್ಡ ನಿಂತ.

"ಗಡ್ಡೆ ಸ್ವಾಮಿ. ನಿಮ್ಮನೇಲೂ ಅದೇ ತಾನೆ ಬೇಯೋದು?"

ಗೋಣಿಯ ಅಂಚು ಎತ್ತಿದ. ಕಂಚಿನ ಮೂಗು ಕಂಡಿತು. ಒಂದು ಗಳಿಗೆ ನನ್ನನ್ನೇ ನೋಡಿದ. ಆಮೇಲೆ ಎಲ್ಲರಿಗೂ ಕೇಳುವಂತೆ ಕೂಗಿದ: "ಥೂ, ಕೊಳೆತ ನಾತ! ಬೇಗ ತಗೊಂಡ್ಹೋಗು!"

ಮನೆಯಲ್ಲಿ ತಲೆ ಕಂಡು ಅಕ್ಕ ಓದೀಲ್ ಹೌಹಾರಿದಳು. "ತಲೆ ಇಲ್ದಿರೋ ಮೂರ್ತಿ ನೋಡಿ ಸುಮ್ನಿರ್ತಾರೇನೇ, ಹುಚ್ಚಿ? ಇಬ್ರನ್ನೂ ಎಳ್ಕೊಂಡ್ ಹೋಗ್ತಾರೆ!"

ಬೈಯುತ್ತಲೇ ತಲೆಯನ್ನೆತ್ತಿಕೊಂಡು ನೆಲಮಾಳಿಗೆಗೆ ಇಳಿದವಳು ಎಷ್ಟು ಹೊತ್ತಾದರೂ ಮೇಲೆ ಬರಲಿಲ್ಲ. ಎಲ್ಲಿ ಹೊರಗೆ ಎಸೆದುಬಿಡುತ್ತಾಳೋ ಎಂದು ಹೆದರಿ ಇಣುಕಿದೆ. ತಲೆಯನ್ನು ಮಡಿಲಲ್ಲಿಟ್ಟುಕೊಂಡು, ಒದ್ದೆ ಬಟ್ಟೆಯಿಂದ ಅದರ ಕೆನ್ನೆಯ ಮಣ್ಣು ಒರೆಸುತ್ತಿದ್ದಳು.

ನಾಳೆ ಅವರು ಬಂದರೆ, ನಾನೊಬ್ಬಳೇ ಮಾಡಿದ್ದು ಎನ್ನಬೇಕು. ಅಕ್ಕನಿಗೇನೂ ಗೊತ್ತಿಲ್ಲ.