ಹೊನ್ನವ್ವನ ಕೈತುತ್ತಿನ ತಿದ್ದುಪಡಿ

ಗದಗ, ಕ್ರಿ.ಶ. ೨೨೩೧, ಹದಿಮೂರನೆಯ ತಿಂಗಳ ನಾಲ್ಕನೆಯ ದಿನ.

ಪೂಜ್ಯ ಶಿವಗಂಗಾ ಅಜ್ಜಿಯವರಿಗೆ, ನಿಮ್ಮ ಮೊಮ್ಮಗಳ ಮೊಮ್ಮಗಳ ಮೊಮ್ಮಗಳು ಬನಶಂಕರಿ ಮಾಡುವ ನಮಸ್ಕಾರಗಳು.

ಹದಿಮೂರನೆಯ ತಿಂಗಳು ಎಲ್ಲಿಂದ ಬಂತೆಂದು ಬೆಚ್ಚಬೇಡಿ. ಬೇಸಿಗೆ ಬೆಳೆದು ಬೆಳೆದು ಹನ್ನೆರಡರಲ್ಲಿ ಹಿಡಿಸದಾಯಿತು, ಒಂದನ್ನು ಸೇರಿಸಿಕೊಂಡೆವು. ನನ್ನ ಮಾತು ವಿಚಿತ್ರವೆನಿಸಿದರೆ ಕ್ಷಮಿಸಿ. ನಿಮ್ಮ ಕಾಲದ ಕನ್ನಡವನ್ನು ನಿಮ್ಮ ಕೋರ್ಟಿನ ಕಾಗದಗಳಿಂದಲೇ ಕಲಿತವಳು ನಾನು. ಬಿಟ್ಟುಹೋದ ಗಂಡ ನಿಮಗೂ ಮಗುವಿಗೂ ಜೀವನಾಂಶ ಕೊಡಬೇಕೆಂಬ ಆದೇಶಕ್ಕೆ ನೀವಿನ್ನೂ ಕಾಯುತ್ತಿರಬಹುದು. ಅದರ ಪ್ರತಿ ನನ್ನ ಮುಂದಿದೆ, ಅಂದರೆ ಅದು ಬಂದೇ ಬರುತ್ತದೆ, ಧೈರ್ಯವಾಗಿರಿ. ಆ ಕಾಗದದ ಹಿಂಬದಿಯಲ್ಲಿ ನೀವು ಕೋರ್ಟಿಗೆ ಅಲೆದ ವಾಯಿದೆಗಳನ್ನೆಲ್ಲ ಪೆನ್ಸಿಲಿನಲ್ಲಿ ಗುರುತು ಹಾಕಿದ್ದೀರಿ. ಮೂವತ್ತೊಂದು. ಓದಿದಾಗಲೆಲ್ಲ ನನಗೇ ಕಾಲು ನೋಯುತ್ತದೆ.

ನಮ್ಮಲ್ಲಿ ಅಲೆದಾಟವಿಲ್ಲ. ಬಾಡಿಗೆ, ಔಷಧ, ಶಾಲೆ ಎಲ್ಲವೂ ಬಿಟ್ಟುಹೋದ ಗಂಡನ ದುಡಿಮೆಯಿಂದ ತಾನಾಗಿ ಕಡಿತವಾಗಿ ಬರುತ್ತದೆ. ಒಲ್ಲೆ ಎನ್ನಲು ಯಾರಿಗೂ ಆಗದು. ಊಟವೂ ತೂಕ ಮಾಡಿ, ಮೊಹರು ಒತ್ತಿ, ಡಬ್ಬಿಯಲ್ಲಿ ಬಾಗಿಲಿಗೆ ಬರುತ್ತದೆ. ಒಲೆ ಹಚ್ಚುವವರೇ ಅಪರೂಪ. ಹೀಗಾಗಿ ಯಾರು ಯಾರನ್ನು ಸಾಕುತ್ತಿದ್ದಾರೆಂದೇ ಮಕ್ಕಳಿಗೆ ತಿಳಿಯದಾಯಿತಂತೆ. ಅದಕ್ಕೇ ಕಾನೂನಿಗೆ 'ಕೈತುತ್ತು' ಸೇರಿತು. ತಿಂಗಳಿಗೊಮ್ಮೆ ಗಂಡನಾದವನು ನ್ಯಾಯಾಲಯದ ಅಡುಗೆಮನೆಯಲ್ಲಿ ಕೈಯಾರೆ ಬೇಯಿಸಿ, ಗೋಡೆಯ ಕಿಂಡಿಯಿಂದ ಹೆಂಡತಿ ಮಕ್ಕಳಿಗೆ ನೀಡಬೇಕು. ಮುಖ ಕಾಣದು, ಮಾತಾಡುವಂತಿಲ್ಲ, ಮಣಿಕಟ್ಟಿನವರೆಗೆ ಕೈ ಮಾತ್ರ. ನನಗಾಗಿ ಒಬ್ಬರು ಬೇಯಿಸಿದ್ದು ಎಂದರೆ ತಿಂಗಳಿಗೆ ಅದೊಂದೇ ಊಟ.

ಆದೇಶವಾದಾಗ ನನ್ನ ಮಗಳು ಹೊನ್ನವ್ವನಿಗೆ ಮೂರು ವರ್ಷ. 'ಮಗುವಿಗೆ ಹಿಚುಕಿದ ಅನ್ನ, ಖಾರವಿಲ್ಲದೆ' ಎಂದು ಬರೆದರು. ಈಗ ಅವಳಿಗೆ ಒಂಬತ್ತು. ಮಕ್ಕಳ ತಟ್ಟೆಯನ್ನು ಆದೇಶದಂತಿದೆಯೇ ಎಂದು ಕಿಂಡಿಯ ಕಾವಲಿನಾಕೆ ರುಚಿ ನೋಡಿಯೇ ಬಿಡುವುದರಿಂದ ಅವಳಪ್ಪ ಸಂಗನಬಸವ ಇವತ್ತಿಗೂ ಅದನ್ನೇ ನೀಡುತ್ತಾರೆ. ತಿದ್ದುಪಡಿ ಕೇಳಬೇಕಾದವಳು ನಾನು, ಕೇಳಲಿಲ್ಲ. ಕೇಳಿದರೆ ಗಂಡನಿಗೂ ಒಂದು ಅವಕಾಶ ಸಿಗುತ್ತದೆ: ಕೈತುತ್ತು ಬೇಡ, ಬದಲಿಗೆ ಇನ್ನಷ್ಟು ಹಣ ಕಟ್ಟುತ್ತೇನೆ ಎನ್ನಬಹುದು. ಎಂದುಬಿಟ್ಟರೆ? ಆ ಹೆದರಿಕೆಗೆ ಆರು ವರ್ಷ ಮಗಳಿಗೆ ಕೂಸಿನ ಅನ್ನ ಉಣ್ಣಿಸಿದೆ. ಮಾಡಿದ್ದುಣ್ಣೋ ಮಹಾರಾಯ ಎಂಬ ಗಾದೆ ನಮ್ಮಲ್ಲೂ ಇದೆ, ಆದರೆ ನಾನು ಮಾಡಿದ್ದನ್ನು ಉಂಡವಳು ಅವಳು.

ಕಳೆದ ತಿಂಗಳು ಕಿಂಡಿಯಲ್ಲಿ ಕೈ ಕಂಡದ್ದೇ ತಡ, ಹುಡುಗಿ ಕೂಗಿಬಿಟ್ಟಳು: "ಅಪ್ಪಾ, ಹಾಲಹಲ್ಲು ಬಿದ್ದು ಹೊಸಾವು ಬಂದಾವ! ಖಾರ ಹಾಕು!"

ಕೈ ಹಿಂದೆ ಸರಿಯಲಿಲ್ಲ. ಗೋಡೆಯಾಚೆಯಿಂದ ಮಾತು ಬಂತು: "ಎಷ್ಟು ಬಂದಾವವ್ವಾ?"

ಅವಳು ನಾಲಿಗೆಯಲ್ಲಿ ಹಲ್ಲು ಮುಟ್ಟಿಕೊಳ್ಳುತ್ತ, ಒಂದೊಂದಕ್ಕೂ ಅವರ ಅಂಗೈ ಮೇಲೆ ಬೆರಳು ಒತ್ತುತ್ತ ಹೋದಳು. ಹನ್ನೊಂದಕ್ಕೆ ಬರುವಷ್ಟರಲ್ಲಿ ಕಾವಲಿನಾಕೆ ಕಿಂಡಿ ಮುಚ್ಚಿದಳು.

ಮಾತಾಡಿದ ತಪ್ಪಿಗೆ ನಾಳೆ ವಿಚಾರಣೆ; ತಿದ್ದುಪಡಿಯೂ ಅಲ್ಲೇ. ಹಣವೇ ಸಾಕೆಂದು ಅವರು ಹೇಳಿಬಿಟ್ಟರೆ ನಮ್ಮ ಪಾಲಿಗೆ ಆ ಕೈಯೂ ಇಲ್ಲ. ನನಗೆ ಭಯವಾಗಿದೆ ಅಜ್ಜಿ. ಹೇಳಿಕೊಳ್ಳಲು ಇನ್ನೂರು ವರ್ಷ ಹಿಂದಿನ ನೀವೇ ಬೇಕಾಯಿತು ಎಂದರೆ ನನಗೆ ಇಲ್ಲಿ ಎಷ್ಟು ಜನರಿದ್ದಾರೆಂದು ತಿಳಿದುಕೊಳ್ಳಿ.

ಒಂದು ಬೇಡಿಕೆ. ನಿಮ್ಮ ಅರ್ಜಿಯಲ್ಲಿ ಮಗುವಿನ ವಯಸ್ಸು ಬರೆಯುವಲ್ಲಿ, ಅದು ಬೆಳೆಯುತ್ತದೆ ಎಂದೂ ಒಂದು ಸಾಲು ಬರೆಸಿ. ವಕೀಲರು ನಕ್ಕರೆ ನಗಲಿ.

ನಾಳೆ ನಾನು ಮಗಳಿಗೆ ಖಾರ ಕೇಳುತ್ತೇನೆ. ನಿನ್ನ ಪಾಲಿನಲ್ಲಿ ಏನಾದರೂ ತಿದ್ದಬೇಕೇ ಎಂದು ನ್ಯಾಯಾಧೀಶರು ಕೇಳಿದರೆ ಏನೂ ಇಲ್ಲ ಎನ್ನುತ್ತೇನೆ. ದೊಡ್ಡವರ ತಟ್ಟೆಯನ್ನು ಯಾರೂ ರುಚಿ ನೋಡುವುದಿಲ್ಲ. ನನ್ನ ಅನ್ನದಡಿಯಲ್ಲಿ ಅವರು ತಿಂಗಳು ತಿಂಗಳೂ ಒಂದು ಸುಟ್ಟ ಬೆಳ್ಳುಳ್ಳಿ ಇಡುತ್ತಾರೆ. ಆದೇಶದಲ್ಲಿ ಅದು ಎಲ್ಲಿಯೂ ಇಲ್ಲ.